ತುಟಿ ಓದುವವರು

ಬೂರ್ಜ್
೧೪ ಮಾರ್ಚ್ ೧೯೧೨

ಪ್ರೀತಿಯ ಅಣ್ಣ ಆನ್ಸೆಲ್ಮ್‌ಗೆ,

ನಿನ್ನ ಹೊಸ ಸಿನಿಮಾ ನಮ್ಮೂರಿಗೂ ಬಂತು. ಭಾನುವಾರ ನನ್ನ ತರಗತಿಯ ಹುಡುಗಿಯರನ್ನೆಲ್ಲ ಕರೆದುಕೊಂಡು ಹೋಗಿದ್ದೆ. ನನ್ನ ಹಾಗೇ ಕಿವುಡಾದ ಮಕ್ಕಳು ಕಣ್ತುಂಬ ನೋಡಲಿ ಎಂದು ಶಾಲೆ ನಡೆಸುವ ಮದರ್ ಅವರನ್ನು ಒಪ್ಪಿಸಿದವಳು ನಾನೇ. ನಟ ನನ್ನಣ್ಣ ಎಂದು ವಾರವಿಡೀ ಜಂಬ ಕೊಚ್ಚಿಕೊಂಡವಳೂ ನಾನೇ.

ತಾಯಿ ಸಾಯುವ ದೃಶ್ಯ ಬಂತು. ನೀನು ಮಂಚದ ಪಕ್ಕ ಮಂಡಿಯೂರಿದೆ. 'ಅಮ್ಮಾ, ನನ್ನನ್ನು ಕ್ಷಮಿಸು' ಎಂದು ಪರದೆಯ ಮೇಲೆ ಅಕ್ಷರ ಮೂಡಿತು. ಎಲ್ಲರೂ ಕರವಸ್ತ್ರ ಹುಡುಕುತ್ತಿದ್ದರೆ ನಮ್ಮ ಸಾಲಿನ ಹುಡುಗಿಯರು ಬಾಯಿಗೆ ಕೈ ಅಡ್ಡ ಹಿಡಿದು ನಗುತ್ತಿದ್ದರು.

ಏಕೆಂದರೆ ನಿನ್ನ ತುಟಿ ಹೇಳುತ್ತಿದ್ದುದು ಬೇರೆ. 'ಬೇಗ ಸಾಯೇ ಮುದುಕಿ, ನನ್ನೂಟ ಆರಿಹೋಗ್ತಿದೆ.' ಆಮೇಲೆ ನೀನು ಕ್ಯಾಮೆರಾದ ಕಡೆ ತಿರುಗಿ, 'ನೋಡ್ರೋ, ನಮ್ಮನೆ ಮೂಗಿ ಅಳೋದು ಹೀಗೆ' ಎಂದೆ. ಬಾಯಿ ಸೊಟ್ಟ ಮಾಡಿ, ಗದ್ದ ನಡುಗಿಸಿ ಅತ್ತು ತೋರಿಸಿದೆ.

ಹುಡುಗಿಯರ ನಗು ನಿಂತಿತು.

ಓದೀಲ್ ಎಂಬ ಹುಡುಗಿ ಇದ್ದಾಳೆ. ತರಗತಿಯಲ್ಲಿ ಎಲ್ಲರಿಗಿಂತ ಚೆನ್ನಾಗಿ ತುಟಿ ಓದುತ್ತಾಳೆ. ಅವಳು ನನ್ನ ತೋಳು ಜಗ್ಗಿ, 'ಅಕ್ಕೋರೆ, ಮೂಗಿ ಅಂದ್ರೆ ನೀವಾ?' ಎಂದು ಕೇಳಿದಳು. 'ನೀನು ತಪ್ಪು ಓದಿದೆ' ಎಂದು ಅವಳಿಗೆ ಹೇಳಿದೆ. ಮರುದಿನ ತರಗತಿಯಲ್ಲೂ ಅವಳು ಬಿಡಲಿಲ್ಲ. 'ಸರಿಯಾಗೇ ಓದ್ದೆ ಅಕ್ಕೋರೆ.' ಹಠಮಾರಿ ಎಂದು ಬೈದು ಮೂಲೆಯಲ್ಲಿ ನಿಲ್ಲಿಸಿದೆ. ಕೈಸನ್ನೆ ಬೇಡ, ತುಟಿಯನ್ನೇ ನಂಬಿ ಎಂದು ಆ ಮಕ್ಕಳಿಗೆ ಕಲಿಸುವವಳು ನಾನು, ಆನ್ಸೆಲ್ಮ್.

ಆಮೇಲೆ ಅವಳು ಯಾರ ಮುಖವನ್ನೂ ನೋಡಲಿಲ್ಲ. ಯಾರು ತಟ್ಟಿ ಕರೆದರೂ 'ನಂಗೆ ಓದಕ್ಕೆ ಬರಲ್ಲ' ಎಂಬ ಒಂದೇ ಉತ್ತರ. ಇವತ್ತು ಬೆಳಿಗ್ಗೆ ನನಗೆ ತಡೆಯಲಾಗಲಿಲ್ಲ. ಎಲ್ಲರೆದುರು ಅವಳ ಮುಖ ನನ್ನ ಕಡೆ ತಿರುಗಿಸಿಕೊಂಡು, ಓದೀಲ್ ಓದಿದ್ದೇ ಸರಿ, ಸುಳ್ಳು ಹೇಳಿದವಳು ನಾನು ಎಂದೆ. ಅವಳು ತಕ್ಷಣ, 'ಮತ್ತೆ ನಿಮ್ಮಣ್ಣಂಗೆ ಯಾಕೆ ಬೈಲಿಲ್ಲ?' ಎಂದಳು.

ಅದಕ್ಕೆ ಈ ಪತ್ರ. ಆದರೆ ಬೈಯುವುದಕ್ಕೂ ನಾಚಿಕೆಯಾಗುತ್ತಿದೆ. ನಾಟಕದಲ್ಲಿ ನಿನ್ನ ಒಡಕು ದನಿ ಮೂರನೇ ಸಾಲನ್ನೂ ದಾಟುತ್ತಿರಲಿಲ್ಲವಂತೆ. ಈಟಿ ಹಿಡಿದು ನಿಲ್ಲುವ ಪಾತ್ರಗಳನ್ನಷ್ಟೇ ಕೊಡುತ್ತಿದ್ದರು. ಸಿನಿಮಾಕ್ಕೆ ದನಿ ಬೇಕಿರಲಿಲ್ಲ, ನೀನು ಗೆದ್ದೆ. ಚಿಕ್ಕಂದಿನಲ್ಲಿ ಅಡುಗೆಮನೆಯಲ್ಲಿ ಹುಬ್ಬಿನಿಂದ, ಕೆನ್ನೆಯಿಂದ ನನ್ನೊಡನೆ ಮಾತಾಡುತ್ತಿದ್ದೆಯಲ್ಲ, ನಿನ್ನ ಕಲೆ ಅಲ್ಲಿ ಹುಟ್ಟಿದ್ದು ಎಂದು ಎಲ್ಲರಿಗೂ ಹೇಳಿಕೊಂಡು ತಿರುಗಿದ್ದೇನೆ. ಅದು ನಿಜವೇ ಆಗಿತ್ತು. ನೀನು ನನ್ನ ಮುಖವನ್ನೂ ಕಲಿಯುತ್ತಿದ್ದೆ ಎಂದು ಮಾತ್ರ ನನಗೆ ತಿಳಿಯಲಿಲ್ಲ.

ಜೂನ್‌ನಲ್ಲಿ ಬಹುಮಾನ ಹಂಚಲು ಬರಬೇಕೆಂದು ಮದರ್ ನಿನಗೆ ಬರೆದಿದ್ದಾರೆ. ಬರಬೇಡ ಎನ್ನಲಾರೆ. ಆ ಹುಡುಗಿಯರ ಮುಂದೆ ಏನು ಹೇಳಬೇಕೆಂದು ಯೋಚಿಸಿಕೊಂಡು ಬಾ. ಗೊಣಗಿದರೂ ಅವರಿಗೆ ಕಾಣುತ್ತದೆ.

ನಿನ್ನ ತಂಗಿ,
ಲಿಯೋನಿ

ಮರೆತಿದ್ದೆ: ನಿನ್ನೆ ಆ ಸಿನಿಮಾಕ್ಕೆ ಮತ್ತೆ ಹೋಗಿದ್ದೆ, ಒಬ್ಬಳೇ. ಆ ದೃಶ್ಯದಲ್ಲಿ ನನಗೂ ಅಳು ಬಂತು. ದೀಪ ಹತ್ತಿದಾಗ ಪಕ್ಕದ ಹೆಂಗಸು ನನ್ನ ಭುಜ ಸವರಿ, 'ಪಾಪ, ನೀವೂ ಆ ನಟನ ಹಾಗೇ ಅಳ್ತೀರಲ್ಲ' ಎಂದಳು.