ಆಳೋ, ತಮ್ಮನೋ

ಲಾರ್ಸಾದ ನಮ್ಮಪ್ಪನಿಗೆ ಈ ಮಣ್ಣಿನ ಹಲಗೆಯನ್ನು ಓದಿ ಹೇಳುವವರೇ, ಇದು ನಿಪ್ಪೂರಿನ ಬರಹಶಾಲೆಯಿಂದ ಮಗ ಇಪ್ಕು ಹೇಳುತ್ತಿರುವ ಮಾತು.

ಅಪ್ಪಾ, ನಾನು ಚೆನ್ನಾಗಿದ್ದೇನೆ. ನೀವು ಕಳಿಸಿದ ಖರ್ಜೂರ ತಲುಪಿತು. ನನ್ನ ಜೊತೆಗೇ ಬೆಳೆದ ನಮ್ಮ ಹಬಿಲ್ ಜ್ವರದಲ್ಲಿ ತೀರಿಕೊಂಡ ಸುದ್ದಿಯೂ ಅದರ ಜೊತೆಗೇ ಬಂತು.

ಇಲ್ಲಿ ನನಗೊಂದು ಗೊಂದಲ. ಉರುಕ್‌ನ ವೀರದೊರೆಯ ಹಾಡನ್ನು ಹೊಸ ಹಲಗೆಗೆ ಇಳಿಸುತ್ತಾ, ಅವನ ಜೊತೆಗಾರ ಸಾಯುವ ಭಾಗಕ್ಕೆ ಬಂದಿದ್ದೇನೆ. ಸುಮೇರು ಮಾತಿನ ಹಳೆಯ ಹಲಗೆಯಲ್ಲಿ ಆ ಜೊತೆಗಾರ ದೊರೆಯ ಆಳು. ನಮ್ಮ ಮಾತಿನ ಹೊಸ ಹಾಡಿನಲ್ಲಿ ತಮ್ಮನಂಥವನು. ಯಾವುದು ಸರಿ ಎಂದು ಕೇಳಿದರೆ ಗುರುಗಳು ರೇಗಿದರು: "ಲೇ, ಅವನು ಸತ್ತು ಎಷ್ಟು ಕಾಲ ಆಯ್ತೋ! ಆಳೋ, ತಮ್ಮನೋ, ಏನೋ ಒಂದು ಬರಿ. ಮಣ್ಣು ಒಣಗ್ತಿದೆ!"

ಬರೆಯಲು ಜೊಂಡಿನ ಕಡ್ಡಿ ಹಿಡಿದರೆ ಕೈ ಓಡುತ್ತಿಲ್ಲ. ಹೊರಗಿನವರ ಮುಂದೆ ನೀವು ಹಬಿಲ್‌ನನ್ನು "ನಮ್ಮ ಆಳು" ಅನ್ನುತ್ತಿದ್ದಿರಿ. ಅಮ್ಮ ಮಾತ್ರ ನಮ್ಮಿಬ್ಬರಿಗೂ ಒಂದೇ ಬಟ್ಟಲಲ್ಲಿ ಗಂಜಿ ಹಾಕುತ್ತಿದ್ದಳು. ಅವನಂತೂ ನನ್ನನ್ನು ಒಡೆಯ ಅಂದವನೇ ಅಲ್ಲ. "ಏನೋ ಕೋತಿ" ಅನ್ನುತ್ತಿದ್ದ.

ಅದಕ್ಕೇ ಒಂದು ವಿಷಯ ತಿಳಿಸಿ. ಅವನನ್ನು ಊರಾಚೆ ಹೂಳಿಸಿದಿರಾ? ಇಲ್ಲಾ, ಮನೆಯವರನ್ನಷ್ಟೇ ಮಲಗಿಸುವ ಒಳಕೋಣೆಯ ನೆಲದಡಿ, ಅಮ್ಮ ತೀರಿಹೋದ ಹಿರಿಯರಿಗೆ ದಿನಾ ನೀರೆರೆಯುವಲ್ಲಿ, ಅಜ್ಜನ ಪಕ್ಕ ಮಲಗಿಸಿದಿರಾ?

ಹಲಗೆಯಲ್ಲಿ ಒಂದು ಪದದ ಜಾಗ ಬಿಟ್ಟು, ಒದ್ದೆ ಬಟ್ಟೆ ಸುತ್ತಿಟ್ಟಿದ್ದೇನೆ. ನಿಮ್ಮ ಉತ್ತರ ಬರುವವರೆಗೂ ದಿನಾ ಅದಕ್ಕೆ ನಾನೇ ನೀರೆರೆಯುತ್ತಿರುತ್ತೇನೆ.

ನಿಮ್ಮ ಮಗ
ಇಪ್ಕು