ಹಗಲು ಮಲಗುವವರ ಮನೆಯಲ್ಲಿ ಒಂದು ಸಾವು

ರಾಯಚೂರು, ೨೧೭೩ನೇ ಇಸವಿ, ವೈಶಾಖ ಮಾಸ

ನೂರೈವತ್ತು ವರ್ಷ ಹಿಂದಿನ ಹಿರಿಯರಿಗೆ,

ತೇದಿ ನೋಡಿ ಈ ಕಾಗದವನ್ನು ಬದಿಗಿಡಬೇಡಿ. ಕೆಲವು ಮಾತುಗಳು ನಿಮಗೆ ವಿಚಿತ್ರವೆನಿಸಿದರೆ ಮನ್ನಿಸಿ, ಬಂದಲ್ಲೇ ಅರ್ಥ ಹೇಳುತ್ತ ಹೋಗುತ್ತೇನೆ. ನನ್ನ ಹೆಸರು ಹುಲಿಗೆಮ್ಮ. ಶಾಲೆಯಲ್ಲಿ ಶಿಕ್ಷಕಿಯಾಗಿದ್ದೆ. ಒಬ್ಬ ಮನುಷ್ಯನನ್ನು ಕೊಂದು ನಾಲ್ಕು ವರ್ಷ ಸೆರೆಯಲ್ಲಿದ್ದು ಬಂದಿದ್ದೇನೆ.

ಬೆಳಿಗ್ಗೆ ಎಂಟರಿಂದ ಸಂಜೆ ಆರರವರೆಗಿನ ಸಮಯವನ್ನು ನಾವು ಉರಿಹೊತ್ತು ಎನ್ನುತ್ತೇವೆ. ಆಗ ಕಿಟಕಿಗಳಿಗೆ ತಗಡಿನ ಪರದೆ ಇಳಿಸಿ ಇಡೀ ಊರು ಮಲಗುತ್ತದೆ. ಸಂತೆ, ಶಾಲೆ, ಬಿತ್ತನೆ, ನ್ಯಾಯಾಲಯ ಎಲ್ಲವೂ ಹೊತ್ತು ಮುಳುಗಿದ ಮೇಲೆ. ಮಲಗುವ ಕೋಣೆಯಲ್ಲಿ ತಂಪುಪೆಟ್ಟಿಗೆ ಇರುತ್ತದೆ, ಒಬ್ಬರೇ ಎತ್ತಬಹುದಾದ, ಗಾಳಿ ತಣಿಸುವ ಯಂತ್ರ. ಅದಿಲ್ಲದ ಮನೆಗಳಲ್ಲಿ ಕೂಸುಗಳು ವೈಶಾಖ ದಾಟುವುದು ಕಷ್ಟ.

ಅಂದು ಮಧ್ಯಾಹ್ನ ಒಂದು ಗಂಟೆಗೆ ತಗಡು ಕಿತ್ತ ಸದ್ದಿಗೆ ಎಚ್ಚರವಾಯಿತು. ಕಣ್ಣು ಬಿಟ್ಟರೆ ಮಗಳ ಹಾಸಿಗೆಯಿಂದ ಎರಡು ಮಾರು ದೂರದಲ್ಲಿ ಒಬ್ಬ ಗಂಡಸು ಪೆಟ್ಟಿಗೆಯನ್ನು ಅಪ್ಪಿಕೊಂಡು ನಿಂತಿದ್ದ. ನಾನು ಎದ್ದದ್ದು ಕಂಡು ಅದನ್ನು ಕೆಳಗಿಟ್ಟು ಕಿಟಕಿಯ ಕಡೆ ತಿರುಗಿದ. ನನ್ನ ಕೈಗೆ ರುಬ್ಬುವ ಗುಂಡುಕಲ್ಲು ಸಿಕ್ಕಿತ್ತು. ಬೀಸಿದೆ.

ಬಿದ್ದವನು ನನ್ನನ್ನೇ ನೋಡುತ್ತ ಅಂದ: “ನಾ ಹೊಂಟಿದ್ನಲ್ಲಕ್ಕಾ.”

ಉರಿಹೊತ್ತಿನಲ್ಲಿ ಆಂಬುಲೆನ್ಸ್ ಹೊರಡುವುದಿಲ್ಲ. ಫೋನ್ ಮಾಡಿದರೆ ಆರು ಗಂಟೆಯವರೆಗೆ ಕಾಯಿರಿ ಎಂದರು. ನಾಲ್ಕೂವರೆ ತಾಸು ಅವನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು, ಸೆರಗು ಒತ್ತಿ ಹಿಡಿದು, ಬಾಯಿಗೆ ನೀರು ಬಿಡುತ್ತ ಕೂತೆ. ಹೆಸರು ದುರುಗಪ್ಪ ಎಂದ. ಮನೆಯಲ್ಲಿ ಕೂಸಿದೆ ಎಂದ. ಐದೂವರೆಗೆ ಉಸಿರು ನಿಂತಿತು.

ನಿಮ್ಮ ಕಾಲದಲ್ಲಿ ಬರೆದ ಕಾಯ್ದೆಯೇ ನಮ್ಮಲ್ಲಿ ಇಂದಿಗೂ ಇದೆ. ಸೂರ್ಯಾಸ್ತದ ನಂತರ, ಸೂರ್ಯೋದಯಕ್ಕೆ ಮೊದಲು ಮನೆ ಒಡೆದು ನುಗ್ಗಿದವನ ವಿರುದ್ಧ ಖಾಸಗಿ ರಕ್ಷಣೆಯ ಹಕ್ಕು ಅವನ ಪ್ರಾಣ ತೆಗೆಯುವವರೆಗೂ ಹೋಗಬಹುದು. ಹಗಲಾದರೆ, ಜೀವಭಯಕ್ಕೆ ತಕ್ಕ ಕಾರಣವಿತ್ತೆಂದು ತೋರಿಸಬೇಕು. ನಾವು ಗಾಢ ನಿದ್ದೆಯಲ್ಲಿದ್ದ ಹೊತ್ತು ಕಾಯ್ದೆಯ ಕಣ್ಣಿಗೆ ಹಗಲು.

ನನ್ನ ವಕೀಲರಾದ ಶರಭಣ್ಣನವರು ಒಳ್ಳೆಯವರು. ವಿಚಾರಣೆಯ ದಿನ ಪಡಸಾಲೆಯಲ್ಲಿ ದನಿ ತಗ್ಗಿಸಿ ಹೇಳಿದರು: “ಅಂವ ನಿಮ್ಮ ಮಗಳ ಕಡಿ ತಿರುಗಿದ್ದ ಅನ್ರಿ ಟೀಚರ್, ಸಾಕು. ನೋಡಿದವರು ಯಾರೂ ಇಲ್ಲ.”

ಸಾಕ್ಷಿಕಟ್ಟೆ ಹತ್ತಿದಾಗಲೂ ಹಾಗೆಯೇ ಹೇಳಬೇಕೆಂದಿದ್ದೆ. ಎದುರಿನ ಬೆಂಚಿನಲ್ಲಿ ದುರುಗಪ್ಪನ ಹೆಂಡತಿ ಯಂಕಮ್ಮ ಒಬ್ಬಳೇ ಕೂತಿದ್ದಳು. ಮಡಿಲಲ್ಲಿ ಕೂಸಿರಲಿಲ್ಲ. ಯಾಕೆಂದು ಕೇಳುವ ಧೈರ್ಯ ನನಗೆ ಇಂದಿಗೂ ಬಂದಿಲ್ಲ. ಹೊಡೆದಾಗ ಅವನ ಮುಖ ಯಾವ ಕಡೆಗಿತ್ತು ಎಂದು ನ್ಯಾಯಾಧೀಶರು ಕೇಳಿದರು. ಕಟಕಟೆಯನ್ನು ಹಿಡಿದುಕೊಂಡೆ.

“ಕಿಟಕಿ ಕಡಿ ಇತ್ರಿ,” ಎಂದೆ. “ಹೊಂಟಿದ್ದ.”

ಶರಭಣ್ಣನವರು ಕಣ್ಣು ಮುಚ್ಚಿಕೊಂಡರು. ಸದ್ಭಾವನೆಯಿಂದಲೇ ಆದರೂ ರಕ್ಷಣೆಯ ಹಕ್ಕಿನ ಎಲ್ಲೆ ಮೀರಿದ್ದೇನೆ, ಆದ್ದರಿಂದ ಇದು ಕೊಲೆಯಲ್ಲ, ದಂಡನೀಯ ನರಹತ್ಯೆ ಎಂದು ತೀರ್ಪಾಯಿತು. ನಾನು ಹೊರಗೆ ಬರುವಷ್ಟರಲ್ಲಿ ಮಗಳು ನನ್ನ ಭುಜದೆತ್ತರಕ್ಕೆ ಬೆಳೆದಿದ್ದಳು.

ಕಾಯ್ದೆಯಲ್ಲಿ ಸೂರ್ಯನ ಬದಲು ಜನರ ನಿದ್ದೆಯನ್ನು ಬರೆಯಿರಿ ಎಂದು ಬೇಡಿಕೊಳ್ಳಲು ಈ ಕಾಗದ ಶುರುಮಾಡಿದ್ದೆ. ಬರೆಯಿರಿ, ನಮ್ಮಂಥವರು ಮುಂದೆ ಬಹಳ ಜನ ಇದ್ದಾರೆ. ಆದರೆ ಹಾಗೆ ಬರೆದಿದ್ದರೆ ನಾನು ಅಂದೇ ಮನೆಗೆ ಹೋಗುತ್ತಿದ್ದೆ, ಅವನ ಮುಖ ಯಾವ ಕಡೆಗಿತ್ತೆಂದು ಬಹುಶಃ ಯಾರೂ ಕೇಳುತ್ತಿರಲಿಲ್ಲ. ಹೊತ್ತನ್ನು ತಿದ್ದಿರಿ. ಆ ಪ್ರಶ್ನೆಯನ್ನು ಮಾತ್ರ ಉಳಿಸಿಕೊಡಿ.

ನಿಮ್ಮ ಮುಂದಿನವಳು,
ಹುಲಿಗೆಮ್ಮ