ಮಾಸ್ತಿಕಲ್ಲಿನ ಕೆಳಗಿನ ಎರಡು ಸಾಲು

ಹಳೇ ಊರು, ಯಲಹಂಕ
14-10-1987, ಬುಧವಾರ

ಮಗಳು ಚಿರಂಜೀವಿ ಜಯಾಳಿಗೆ, ನಿನ್ನ ಮಾವ ಮುನಿಕೃಷ್ಣಪ್ಪ ಮಾಡುವ ಆಶೀರ್ವಾದಗಳು.

ಹೇಗಿದ್ದೀಯಮ್ಮ? ನನ್ನ ಮೊಮ್ಮಗಳು ಪುಟ್ಟಲಕ್ಷ್ಮಿಗೆ ಕಿವಿ ಸೋರುವುದು ನಿಂತಿತೇ? ಕಿವಿಗೆ ಬೆಳ್ಳುಳ್ಳಿ ಎಣ್ಣೆ ಹಾಕಬೇಡ, ಡಾಕ್ಟರಿಗೇ ತೋರಿಸು. ನಿಮ್ಮ ತಾಯಿ ಮುನಿನಾರಾಯಣಮ್ಮನವರ ಮಂಡಿ ನೋವು ಹೇಗಿದೆ? ನಿನ್ನ ಅಣ್ಣ ತಿಮ್ಮರಾಯನಿಗೆ ಕೆಮ್ಮು ಇಳಿಯಿತೇ? ಇಲ್ಲಿ ನಿಮ್ಮತ್ತೆ ಗೋಪಾಲಮ್ಮನ ಆರೋಗ್ಯ ಚೆನ್ನಾಗಿದೆ. ಆದರೆ ಭಾನುವಾರದಿಂದ ನನ್ನ ಹತ್ತಿರ ಮಾತು ಕಡಿಮೆ. ನಿನ್ನ ಮೈದುನ ಪುಟ್ಟಣ್ಣ ಗಟ್ಟಿಮುಟ್ಟಾಗಿದ್ದಾನೆ, ಅವನೂ ನನ್ನೊಡನೆ ಮಾತು ಬಿಟ್ಟಿದ್ದಾನೆ. ಹೀಗಾಗಿ ಪತ್ರ ಬರೆಯಲು ಮನೆ ಬಹಳ ನಿಶ್ಶಬ್ದವಾಗಿ ಅನುಕೂಲವಾಗಿದೆ.

ನಿನ್ನ ತವರು ಬಾಗಲಗುಂಟೆಗೆ ಎರಡು ಬಸ್ಸು ಹತ್ತಿದರೆ ಆಯಿತು. ಇಷ್ಟು ಹತ್ತಿರ ಇದ್ದುಕೊಂಡು ಮಾವ ಯಾಕೆ ಅಂಚೆ ಹಾಕಿದ ಎಂದು ನೀನು ಅಂದುಕೊಳ್ಳಬಹುದು. ಎದುರಿಗೆ ಕೂತು ಹೇಳುವ ಧೈರ್ಯ ನನಗಿಲ್ಲ. ವಿಷಯ ನಿನ್ನ ಎರಡನೇ ಮದುವೆಯದು. ಯುಗಾದಿ ಕಳೆದ ಮೇಲೆ ಯಶವಂತಪುರದ ಕಾರ್ಖಾನೆಯಲ್ಲಿರುವ ಅಂಜಿನಪ್ಪನ ಕಡೆಯಿಂದ ಮಾತು ಬಂದಿತ್ತಲ್ಲ, ಹೆಂಡತಿ ತೀರಿಕೊಂಡವನು, ಒಳ್ಳೆಯವನು ಎಂದು ನಿನ್ನ ಅಣ್ಣನೇ ಹೇಳಿದ್ದನಲ್ಲ. ನೀನು ನಿಮ್ಮತ್ತೆಯ ಹತ್ತಿರ "ಆಗಬಹುದು" ಎಂದಿದ್ದೆ. ನಾನು ಮುಖ ಗಂಟು ಹಾಕಿದೆ. "ಇದು ಮಾಸ್ತಿಯ ಮನೆ, ಈ ಮನೆಗೆ ಬಂದ ಹೆಣ್ಣು ಇನ್ನೊಂದು ಮನೆ ನೋಡಿಲ್ಲ" ಎಂದು ಎಲ್ಲರ ಮುಂದೆ ಹೇಳಿದೆ. ಆಮೇಲೆ ನೀನು ತವರಿಗೆ ಹೋದೆ, ಆ ಸಂಬಂಧ ಹಾಗೇ ನಿಂತುಹೋಯಿತು, ನೀನೂ ಮತ್ತೆ ಎತ್ತಲಿಲ್ಲ. ನಾನು ಹೇಳಿದ್ದು ತಪ್ಪು ಜಯಾ. ಇದನ್ನು ಮೊದಲೇ ಬರೆದುಬಿಡುತ್ತಿದ್ದೇನೆ, ಕಥೆ ಹೇಳುವ ಚಟದಲ್ಲಿ ಎಲ್ಲಾದರೂ ತಪ್ಪಿಸಿಕೊಂಡೇನು ಎಂಬ ಭಯಕ್ಕೆ.

ಊರಿನ ಹಳೇ ಕಲ್ಲುಗಳನ್ನು ತೋರಿಸುವ ನನ್ನ ಭಾನುವಾರದ ನಡಿಗೆ ನಿನಗೆ ಗೊತ್ತು. ನನ್ನ ಮಗ ಮುನಿರಾಜು ಬದುಕಿದ್ದಾಗಲೇ ಶುರುವಾದದ್ದು. ಬ್ಯಾಂಕಿನ ಬದರೀನಾಥರು ಆರ್.ಟಿ. ನಗರದಿಂದ ಹತ್ತು ಜನರನ್ನು ಬಸ್ಸಿನಲ್ಲಿ ಕರೆತಂದು, "ಸಾರ್, ರಾಜರ ವೈಭವ ಎಲ್ಲ ಬೇಡ, ಆ ಕಾಲದ ಕತ್ತಲೆ ಏನಿತ್ತೋ ಅದನ್ನ ತೋರ್ಸಿ" ಎಂದಿದ್ದರು. ನೀನು ಅವರಿಗೆಲ್ಲ ಮಜ್ಜಿಗೆ ಕೊಟ್ಟಿದ್ದೆ. ಮೂರನೇ ಕ್ಲಾಸು ಓದಿದ ನನ್ನನ್ನು ಅಂಥವರು "ಸಾರ್" ಎಂದಾಗ ನನ್ನ ಎದೆ ಎಷ್ಟು ಉಬ್ಬಿತು ಎಂದು ಈಗ ನೆನೆದರೆ ನಾಚಿಕೆಯಾಗುತ್ತದೆ. ಶಾಸನ ಓದುವ ಸರ್ಕಾರಿ ಪಂಡಿತರ ಹಿಂದೆ ಇಪ್ಪತ್ತು ವರ್ಷ ಮಸಿ ಡಬ್ಬ ಹೊತ್ತು, ಒದ್ದೆ ಕಾಗದವನ್ನು ಕಲ್ಲಿನ ಮೇಲೆ ಹಾಸಿ ಬ್ರಷ್ಷಿನಿಂದ ಬಡಿದು ಅಚ್ಚು ತೆಗೆದು, ಅವರು ಗಟ್ಟಿಯಾಗಿ ಓದುವಾಗ ಕಿವಿಗೊಟ್ಟು ಹಳೆಯ ಅಕ್ಷರ ಕಲಿತವನು ನಾನು. ನನ್ನ ವಿದ್ಯೆ ಅಷ್ಟೇ.

ಪ್ರತಿ ತಿಂಗಳು ಎರಡನೇ ಭಾನುವಾರ ಬಸ್ ಸ್ಟ್ಯಾಂಡಿನ ಪಕ್ಕದ ಹಬೀಬುಲ್ಲಾನ ಬಳೆ ಅಂಗಡಿಯ ಮುಂದೆ ಸೇರುತ್ತೇವೆ. ಕೋಟೆ ಬಾಗಿಲು ಇತ್ತೆನ್ನುವ ಜಾಗ, ಸೆರೆಯಾಳುಗಳನ್ನು ಇಳಿಸುತ್ತಿದ್ದರೆಂದು ಹಿರಿಯರು ಹೇಳುವ ಹಾಳು ಹಗೇವಿನ ಗುಂಡಿ, ದನ ಬಿಡಿಸಲು ಹೋಗಿ ಸತ್ತವರ ವೀರಗಲ್ಲುಗಳು. ಕೊನೆಗೆ ಕೆರೆ ಏರಿಯ ಕೆಳಗೆ, ನಮ್ಮ ಗದ್ದೆಯ ತಲೆಯಲ್ಲಿ, ಗಂಡನ ಜೊತೆ ಬೆಂಕಿಗೆ ಹೋದ ನಮ್ಮ ವಂಶದ ಹೆಣ್ಣಿನ ಕಲ್ಲು, ನಮ್ಮ ಮಾಸ್ತಿ. ಕಂಬದಿಂದ ಹೊರಟು ಮೊಣಕೈ ಮಡಿಸಿ ಮೇಲೆದ್ದ ಒಂದು ತೋಳು, ಅದರ ತುಂಬ ಬಳೆ, ಬೆರಳ ಸಂದಿಯಲ್ಲಿ ನಿಂಬೆಹಣ್ಣು. ನಮ್ಮ ಮನೆಗೆ ಬಂದ ಸೊಸೆಯರೆಲ್ಲ ಮೊದಲು ಅವಳಿಗೆ ಬಳೆ ಒಪ್ಪಿಸಿಯೇ ಹೊಸಿಲು ದಾಟಿದ್ದು. ನೀನೂ ಒಪ್ಪಿಸಿದ್ದೆ.

ಅಲ್ಲಿ ನಿಂತು ನಾನು ಹೇಳುವ ಕಥೆಯನ್ನು ನೀನು ಎಷ್ಟೋ ಸಲ ಕೇಳಿದ್ದೀಯ. ಆಕೆ ಊರಿನ ಕಡೆ ತಿರುಗಿ ಬಳೆಯ ಕೈ ಎತ್ತಿ, "ಅಳಬೇಡಿ, ನಾನು ಮದುವೆಗೆ ಹೊರಟಿದ್ದೇನೆ" ಎಂದು ನಗುನಗುತ್ತಾ ಬೆಂಕಿಗೆ ಹೋದಳು ಎಂದು. ಆ ಮಾತು ನಮ್ಮಪ್ಪ ಹೇಳಿದ್ದಲ್ಲ, ಅಜ್ಜಿ ಹೇಳಿದ್ದಲ್ಲ. ಮೊದಲನೇ ಗುಂಪಿನ ಮುಂದೆ ಬಾಯಿಗೆ ಬಂತು, ಹೇಳಿದೆ. ಒಬ್ಬಾಕೆ ಸೆರಗಿನಲ್ಲಿ ಕಣ್ಣೊರೆಸಿಕೊಂಡಳು. ಮುಂದಿನ ತಿಂಗಳು ಬಿಡಲು ಮನಸ್ಸಾಗಲಿಲ್ಲ. ಆಮೇಲಾಮೇಲೆ ನನಗೇ ಅದು ನಿಜ ಅನ್ನಿಸಲು ಶುರುವಾಯಿತು.

ಹೋದ ತಿಂಗಳು ರಾಜಸ್ಥಾನದಲ್ಲಿ ಹದಿನೆಂಟು ವರ್ಷದ ಹುಡುಗಿಯೊಬ್ಬಳು ಗಂಡನ ಚಿತೆಯಲ್ಲಿ ಬೆಂದುಹೋದಳೆಂದು ಪೇಪರಿನಲ್ಲಿ ಓದಿರುತ್ತೀಯ. ಆ ಸುದ್ದಿ ಎಲ್ಲರ ಬಾಯಿಗೆ ಬಿದ್ದ ನಂತರದ ನಡಿಗೆ ಮೊನ್ನೆ ಭಾನುವಾರದ್ದು. ಇಪ್ಪತ್ತು ಜನ ಬರುವ ಕಡೆ ಎಂಬತ್ತು ಜನ. ಹಬೀಬುಲ್ಲಾ ಅಂಗಡಿ ಬಾಗಿಲಲ್ಲೇ ನಿಂತು, "ಏನ್ ಸಾಮಿ, ನಡಿಗೆನೋ ಮೆರವಣಿಗೆನೋ? ನಂಗೂ ಒಂದ್ ಬಾವುಟ ಕೊಡಿ, ಹಿಡ್ಕಂಡ್ ಬತ್ತೀನಿ" ಎಂದು ರೇಗಿಸಿದ. ನನಗೆ ನಗು ಬಂತು, ಒಳಗೆ ಖುಷಿಯೂ ಆಯಿತು ಅಂತಲೇ ಇಟ್ಟುಕೋ. ಆದರೆ ಆ ಜನ ಹಗೇವು ನೋಡಲಿಲ್ಲ, ವೀರಗಲ್ಲಿನ ಹತ್ತಿರ ನಿಲ್ಲಲಿಲ್ಲ. "ಸತಿ ಕಲ್ಲು ಎಲ್ಲಿ, ಸತಿ ಕಲ್ಲು ಎಲ್ಲಿ" ಎನ್ನುತ್ತಾ ನನ್ನನ್ನೇ ಹಿಂದೆ ಹಾಕಿ ಕೆರೆ ಏರಿಯಿಂದ ಇಳಿದರು. ತೆಂಗಿನಕಾಯಿ, ಕರ್ಪೂರ ಎಲ್ಲ ತಂದಿದ್ದರು. ಪುಟ್ಟಣ್ಣ ಮೊದಲೇ ಅಲ್ಲಿ ಚಪ್ಪರ ಹಾಕಿಸಿ, ನಿಮ್ಮತ್ತೆಯನ್ನು ಅರಿಶಿನದ ತಟ್ಟೆ ಕೊಟ್ಟು ಕೂರಿಸಿದ್ದ. ಇಲ್ಲೊಂದು ಗುಡಿ ಎಬ್ಬಿಸಬೇಕು ಅಂತ ಅವನ ಆಸೆ.

ನಾನು ಕಥೆ ಹೇಳಿದೆ. ಮದುವೆಗೆ ಹೊರಟ ಮಾತು ಬಂದಾಗ ಹಿಂದಿನಿಂದ ಯಾರೋ "ಸತಿಮಾತೆಗೆ ಜೈ" ಎಂದರು. ಎಂಬತ್ತು ಜನವೂ ಜೈ ಎಂದರು. ಜಯಾ, ಅವರು ಜೈ ಅಂದದ್ದು ನಾನು ಕಟ್ಟಿದ ಮಾತಿಗೆ.

ಗುಂಪಿನಲ್ಲಿ ಒಬ್ಬರು ಮೇಷ್ಟ್ರಮ್ಮ ಇದ್ದರು. ಹೆಗಲಿಗೆ ಚೀಲ, ಕೈಯಲ್ಲಿ ನೋಟ್ ಪುಸ್ತಕ. ಅವರೊಬ್ಬರೇ ಜೈ ಅನ್ನಲಿಲ್ಲ. "ತಾತಾ, ಕೆಳಗಡೆ ಅಕ್ಷರ ಇದೆಯಲ್ಲ, ಅದರಲ್ಲಿ ಏನ್ ಬರ್ದಿದಾರೆ?" ಎಂದು ಕೇಳಿದರು. ಕಲ್ಲಿನ ಬುಡದಲ್ಲಿ ಎರಡು ಸಾಲಿದೆ. ನಾನು ಯಾವಾಗಲೂ ಅದರ ಮುಂದೆ ನನ್ನ ಬ್ಯಾಗು ಇಟ್ಟುಕೊಂಡೇ ಮಾತಾಡುವುದು. ನಾನು, "ಅದು ಸವೆದುಹೋಗಿದೆ ಕಣಮ್ಮ, ಓದಕ್ಕಾಗಲ್ಲ" ಎಂದೆ.

ಆಗ ನಿಮ್ಮತ್ತೆ, ಪರರ ಮುಂದೆ ಎಂದೂ ಬಾಯಿ ಬಿಡದವಳು, ಅರಿಶಿನದ ತಟ್ಟೆ ಕೆಳಗಿಟ್ಟಳು. "ಸವ್ದಿಲ್ಲ. ನಂಗೆ ಓದಿ ಏಳಿದ್ರಲ್ಲ ಅವತ್ತು. ಇವ್ರ್ಗೂ ಓದಿ" ಎಂದಳು.

ಪುಟ್ಟಣ್ಣ, "ಅಮ್ಮಾ, ನೀನ್ ಸುಮ್ಕಿರು" ಎಂದ.

"ನಾನ್ ಸುಮ್ಕಿದ್ದೇ ಇಂಗಾಗಿದ್ದು" ಎಂದಳು.

ಹೌದು, ನಾನು ಓದಿದ್ದೆ. ಹದಿನಾಲ್ಕು ವರ್ಷದ ಹಿಂದೆ, ಕೆಲಸ ಬಿಡುವ ಮುಂಚೆ, ಉಳಿದ ಕಾಗದದಲ್ಲಿ ಆ ಕಲ್ಲಿನ ಅಚ್ಚು ತೆಗೆದಿದ್ದೆ. ನಿಮ್ಮತ್ತೆಗೆ ಓದಿ ಹೇಳಿ, ಸುತ್ತಿ, ಟ್ರಂಕಿನ ತಳಕ್ಕೆ ಹಾಕಿದ್ದೆ. ಮೊನ್ನೆ ಬ್ಯಾಗು ತೆಗೆದು, ಮಣ್ಣಿನಲ್ಲಿ ಮಂಡಿಯೂರಿ, ಬೆರಳಿಟ್ಟು ಮತ್ತೆ ಓದಿದೆ. ಈಗಿನ ಮಾತಿನಲ್ಲಿ ಹೇಳುವುದಾದರೆ ಇಷ್ಟೇ: ‘ಇಂಥ ಗೌಡನ ಮಗ ಇಂಥವನು ಸತ್ತ. ಅವನ ಹೆಂಡತಿ ಕೊಂಡ ಹೊಕ್ಕಳು. ಹೊಗಿಸಿದ್ದಕ್ಕೆ ಅವಳ ಮೈದುನನಿಗೆ ಕೆರೆಯ ಕೆಳಗಣ ಗದ್ದೆ ಸಂದಿತು.’ ಹೊಗಿಸಿದ್ದಕ್ಕೆ, ಎಂದರೆ ಅವಳನ್ನು ಬೆಂಕಿಯೊಳಗೆ ಕಳಿಸಿದ್ದಕ್ಕೆ. ಗಂಡನ ಹೆಸರಿದೆ, ಮಾವನ ಹೆಸರಿದೆ, ಮೈದುನನ ಹೆಸರಿದೆ. ಅವಳ ಹೆಸರಿಲ್ಲ. ಅವಳು ನಕ್ಕಳು ಎಂದಿಲ್ಲ, ಅತ್ತಳು ಎಂದೂ ಇಲ್ಲ. ಏನಾದರೂ ಅಂದಳು ಎಂದೇ ಇಲ್ಲ.

ಕರ್ಪೂರ ತಂದವರು ಒಬ್ಬೊಬ್ಬರಾಗಿ ಏರಿ ಹತ್ತಿದರು. ಒಬ್ಬರು ಮಾತ್ರ ಹೋಗುತ್ತಾ, "ಭಾನುವಾರ ಹಾಳಾಯ್ತು" ಎಂದರು. ಬದರೀನಾಥರು ನನ್ನ ಭುಜ ಹಿಡಿದು ಮಣ್ಣಿನಿಂದ ಎಬ್ಬಿಸಿದರು. ಮೇಷ್ಟ್ರಮ್ಮ ಆ ಎರಡು ಸಾಲು ಬರೆದುಕೊಂಡರು. ಸಂಜೆ ಹಬೀಬುಲ್ಲಾ ಮನೆಗೇ ಬಂದು ಜಗಲಿಯ ಮೇಲೆ ಕೂತ. "ಇಪ್ಪತ್ತೈದ್ ವರ್ಸದಿಂದ ಆಯಮ್ಮಂಗೆ ಬಳೆ ಕೊಟ್ಟಿವ್ನಿ ಸಾಮಿ. ಹೆಸ್ರೇನು ಅಂತ ಒಂದ್ ದಿನಾನೂ ಕೇಳ್ಳಿಲ್ವಲ್ಲ ನಾನು" ಎಂದ. ನಾನೂ ಕೇಳಿರಲಿಲ್ಲ.

ಇನ್ನು ನಿನಗೆ ಸೇರಿದ ಮಾತು. ಆ ಗದ್ದೆಯ ಅಕ್ಕಿಯನ್ನೇ ನಾವು ಉಂಡು ಬೆಳೆದದ್ದು. ಮುನಿರಾಜು ಹೆಬ್ಬಾಳದ ರಸ್ತೆಯಲ್ಲಿ ಲಾರಿಗೆ ಸಿಕ್ಕಿ ಹೋದ ಮೇಲೆ ಅದರಲ್ಲಿ ಅವನ ಪಾಲು ನಿನ್ನದು, ಮಗುವಿನದು. ಈಗ ಸುತ್ತ ಬಡಾವಣೆ ಏಳುತ್ತಿದೆ. ಅಂಜಿನಪ್ಪನ ಮಾತು ಬಂದ ದಿನ ಪುಟ್ಟಣ್ಣ ನನ್ನನ್ನು ಹಿತ್ತಲಿಗೆ ಕರೆದು, "ಅತ್ಗೆ ಇನ್ನೊಬ್ಬರ ಮನೆ ಸೇರ್ಕಂಡ್ರೆ ಗದ್ದೆನೂ ಆ ಮನೆ ಸೇರ್ಕಂತದೆ ಕಣಪ್ಪ. ನಂಗೆ ಎರಡು ಹೆಣ್ಣವ್ರೆ, ನೋಡ್ಕೋ" ಎಂದ. ಅವನು ಕೆಟ್ಟವನಲ್ಲ ಜಯಾ, ಹೆದರಿದವನು. ಹೂಂ ಅಂದವನು ನಾನು. ಗದ್ದೆಯ ಮಾತು ಆಡಲು ನಾಚಿಕೆಯಾಗಿ ಮಾಸ್ತಿಯ ಹೆಸರು ಹೇಳಿದೆ. ಕಲ್ಲಿನ ಬುಡದಲ್ಲಿ ಏನು ಬರೆದಿದೆ ಎಂದು ಗೊತ್ತಿದ್ದೂ ಅವಳ ಹೆಸರು ಹೇಳಿದೆ. ನೀನು ತಲೆ ತಗ್ಗಿಸಿಕೊಂಡು ಒಳಗೆ ಹೋದದ್ದು ಈಗಲೂ ಕಣ್ಣ ಮುಂದಿದೆ.

ಸೋಮವಾರ ಪುಟ್ಟಣ್ಣನನ್ನು ಕೂರಿಸಿಕೊಂಡು ಹೇಳಿದೆ. ಮುನಿರಾಜುವಿನ ಪಾಲು ಜಯಾಳದು, ಅವಳು ಯಾರನ್ನು ಮದುವೆಯಾದರೂ ಅವಳದೇ, ಗುಡಿಯ ಮಾತು ಇನ್ನು ಎತ್ತಬೇಡ ಎಂದೆ. "ಎಂಬತ್ ಜನದ್ ಮುಂದೆ ಮನೆ ಮಾನ ತೆಗ್ದೆ, ಈಗ ಗದ್ದೆನೂ ತೆಗಿ" ಎಂದು ತಟ್ಟೆ ಬಿಟ್ಟು ಎದ್ದ. ಅವನ ಕೋಪ ಇಳಿಯುತ್ತದೋ ಇಲ್ಲವೋ ತಿಳಿಯದು. ನೀನು ಅದಕ್ಕೆ ಹೆದರಬೇಡ.

ನಡಿಗೆ ನಿಲ್ಲಿಸುವುದಿಲ್ಲ. ಮುಂದಿನ ತಿಂಗಳು ಐದು ಜನ ಬಂದರೂ ಕರೆದುಕೊಂಡು ಹೋಗಿ ಆ ಎರಡು ಸಾಲು ಓದುತ್ತೇನೆ. ಮಜ್ಜಿಗೆ ಕೊಡಲು ನಿಮ್ಮತ್ತೆ ಒಪ್ಪಿದ್ದಾಳೆ, ಇವತ್ತು ಬೆಳಿಗ್ಗೆ.

ನಿನಗೆ ಮದುವೆಯಾಗಬೇಕು ಅನ್ನಿಸಿದರೆ ಆಗು. ಬೇಡ ಅನ್ನಿಸಿದರೆ ಬೇಡ. ನಮ್ಮ ಮನೆಯ ಹೆಸರಿನಲ್ಲಿ ನಿನಗೆ ಯಾವ ಕಟ್ಟೂ ಇಲ್ಲ. ಹಿರಿಯರಿಗೆಲ್ಲ ನನ್ನ ನಮಸ್ಕಾರ ತಿಳಿಸು, ಪುಟ್ಟಲಕ್ಷ್ಮಿಗೆ ಮುತ್ತು.

ಇಂತಿ, ನಿನ್ನ ಒಳ್ಳೆಯದನ್ನೇ ಬಯಸಬೇಕಾಗಿದ್ದ,
ನಿನ್ನ ಮಾವ
ಮುನಿಕೃಷ್ಣಪ್ಪ

ಮರೆತ ಮಾತು: ಮರೆತದ್ದಲ್ಲ, ಬಿಟ್ಟದ್ದು. ಕವರಿಗೆ ಅಂಟು ಹಚ್ಚುವಾಗ ನಿಮ್ಮತ್ತೆ, "ಅದ್ನ ಬರುದ್ರಾ?" ಎಂದು ಕೇಳಿದಳು. ಇಲ್ಲ ಎಂದೆ. ಅವಳು ಕವರನ್ನು ನನ್ನ ಕೈಯಿಂದ ತೆಗೆದು ಮತ್ತೆ ನನ್ನ ಮುಂದೆಯೇ ಇಟ್ಟಳು. ಕೇಳು. ಅಂಜಿನಪ್ಪ ಹಿಂದೆ ಸರಿಯಲಿಲ್ಲ ಜಯಾ. ಅವನಿಗೆ ಮನಸ್ಸಿಲ್ಲವಂತೆ ಎಂದು ನಿನಗೆ ಹೇಳಿ ಕಳಿಸಿದವನು ನಾನು. ಅವನು ಮೇ ತಿಂಗಳಲ್ಲಿ ಇಲ್ಲಿಗೇ ಬಂದು ಕೇಳಿದ್ದ. "ಜಯಾನೇ ಒಪ್ಪಲಿಲ್ಲಪ್ಪ, ಮುನಿರಾಜು ನೆನಪಲ್ಲೇ ಇದ್ದುಬಿಡ್ತೀನಿ ಅಂದ್ಲು" ಎಂದು ನಿನ್ನ ಬಾಯಿಗೆ ಮಾತು ಹಾಕಿ ಕಳಿಸಿಬಿಟ್ಟೆ. ನಿನ್ನೆ ಯಶವಂತಪುರಕ್ಕೆ ಹೋಗಿ, ಅವನ ಪಾಳಿ ಮುಗಿಯುವವರೆಗೆ ಗೇಟಿನ ಹತ್ತಿರ ಕಾದು, ಅವನಿಗೆ ನಿಜ ಹೇಳಿ ಬಂದೆ. ಬಯ್ಯಲಿಲ್ಲ, ಕೂರಿಸಿ ಟೀ ಕುಡಿಸಿದ. ದೀಪಾವಳಿ ಕಳೆದ ಮೇಲೆ ಬೇರೆ ಕಡೆ ಹೆಣ್ಣು ನೋಡಲು ಅವರ ಅಕ್ಕ ಗೊತ್ತು ಮಾಡಿದ್ದಾರಂತೆ. "ಜಯಾ ಅವರ ಕೈಬರಹದಲ್ಲಿ ಒಂದು ಸಾಲು ಬರಲಿ, ಹೂಂ ಅಂತಾದ್ರೂ ಸರಿ, ಊಹೂಂ ಅಂತಾದ್ರೂ ಸರಿ, ಅಲ್ಲೀವರ್ಗೂ ನಾನು ಎಲ್ಲಿಗೂ ಹೋಗಲ್ಲ" ಎಂದ. ವಿಳಾಸ ಬರೆದ ಕಾರ್ಡು ಕೊಟ್ಟಿದ್ದಾನೆ, ಒಳಗೆ ಇಟ್ಟಿದ್ದೇನೆ. ಹಿಂಭಾಗ ಖಾಲಿಯಿದೆ. ಮೊದಲು ಅವನಿಗೆ ಬರೆ. ನನಗೆ ಬರೆಯಲು ಮನಸ್ಸು ಬಂದರೆ ಆಮೇಲೆ ಬರೆ, ಬಯ್ದಾದರೂ ಬರೆ. ಆದರೆ ಬೇಗ.